ಉಪ್ಪಿಗೆ ಸಾರು ಕಡಿಮೆ

ಅವನು ಮೊದಲ ಸಲ ನನ್ನ ಕಣ್ಣಿಗೆ ಬಿದ್ದದ್ದು ಸೂಪು ತಂದುಕೊಡುವವನಾಗಿ. ಮೈಸೂರಿನಲ್ಲಿ ಡಿಗ್ರಿ ಓದುತ್ತಿದ್ದಾಗ ನಾನು ಸಂಜೆ ಹೊತ್ತು ಫ್ರೆಂಚ್ ಕಲಿಯಲು ಹೋಗುತ್ತಿದ್ದೆ. ಫ್ರೆಂಚಿನ ಮೇಲೆ ಅಂಥ ಪ್ರೀತಿಯೇನೂ ಇರಲಿಲ್ಲ. ಕ್ಲಾಸಿಗೆ ಎಂದು ಹೇಳಿ ಮನೆ ಬಿಟ್ಟರೆ ಅಲ್ಲಿಂದ ನೇರವಾಗಿ ನಾಟಕದ ರಿಹರ್ಸಲ್‌ಗೆ ಹೋಗಬಹುದಿತ್ತು, ಯಾರೂ ಕೇಳುತ್ತಿರಲಿಲ್ಲ. ಒಂದು ಶನಿವಾರ ನಮ್ಮ ಮೇಷ್ಟ್ರು ಟಿವಿಯನ್ನೂ ವಿಸಿಆರ್ ಅನ್ನೂ ಬಾಡಿಗೆಗೆ ತಂದು ಒಂದು ಫ್ರೆಂಚ್ ಸಿನಿಮಾ ತೋರಿಸಿದರು. ನಾಯಕ ನಾಯಕಿ ಹೋಟೆಲಿನಲ್ಲಿ ಕೂತು ಜಗಳವಾಡುತ್ತಿದ್ದರು. ಇವನು ಸೂಪಿನ ಬಟ್ಟಲು ಹಿಡಿದು ಬಂದು, ಜಗಳ ಮುಗಿಯಲಿ ಎಂದು ಪಕ್ಕದಲ್ಲಿ ನಿಂತ. ಒಂದು ಮಾತಿಲ್ಲ. ಮೈಭಾರವನ್ನೆಲ್ಲ ಎಡಗಾಲಿನ ಮೇಲೆ ಹಾಕಿ, ಬಲಗಾಲಿನ ಬೂಟಿನ ತುದಿಯಿಂದ ನೆಲವನ್ನು ಮೆಲ್ಲಗೆ ಒತ್ತುತ್ತ ನಿಂತಿದ್ದ. ಸೂಪು ಆರುತ್ತಿದೆಯಲ್ಲ ಎಂಬ ಸಂಕಟವೆಲ್ಲ ಆ ಬೂಟಿನ ತುದಿಯಲ್ಲಿತ್ತು. ನಾಯಕ ನಾಯಕಿ ಯಾವುದಕ್ಕೆ ಜಗಳವಾಡಿದರು ಎಂಬುದು ನನಗೆ ಇವತ್ತಿಗೂ ಗೊತ್ತಿಲ್ಲ.

ಅವನ ಹೆಸರು ಇಲ್ಲಿ ಬೇಡ. ಹೇಳಿದರೂ ನಿಮ್ಮಲ್ಲಿ ಬಹಳ ಮಂದಿಗೆ ಗೊತ್ತಾಗಲಾರದು, ಅವನ ದೇಶದಲ್ಲೇ ಅರ್ಧ ಜನ ಮರೆತಿರಬಹುದು. ಆಗ ಅವನಿಗೆ ಇಪ್ಪತ್ತೈದೋ ಏನೋ. ನನಗಿಂತ ನಾಲ್ಕೈದು ವರ್ಷ ದೊಡ್ಡವನು. ಸೋಮವಾರದ ರಿಹರ್ಸಲ್‌ನಲ್ಲಿ ನನಗೆ ಮಾತಿಲ್ಲದ ಕಡೆ ನಾನೂ ಎಡಗಾಲಿನ ಮೇಲೆ ಭಾರ ಹಾಕಿ ಹಾಗೇ ನಿಂತೆ. ನಿರ್ದೇಶಕರು, ಕಾಲು ಜೋಮು ಹಿಡಿದಿದೆಯೇನಮ್ಮ ಎಂದು ಕೇಳಿದರು. ಎಲ್ಲರೂ ನಕ್ಕರು. ನನಗೆ ಮೂಗಿನ ತುದಿಯಲ್ಲೇ ಕೋಪ. ಆ ಇಡೀ ವರ್ಷ ಪ್ರತಿ ನಾಟಕದಲ್ಲೂ ಹಾಗೇ ನಿಂತೆ.

ಮೇಷ್ಟ್ರ ಬಗ್ಗೆ ಇನ್ನೊಂದು ಮಾತು ಹೇಳಲೇಬೇಕು. ವ್ಯಾಕರಣವನ್ನು ಅವರು ಅಡಿಗೆಮನೆಯಿಂದಲೇ ಪಾಠ ಮಾಡುತ್ತಿದ್ದರು. 'ಮಾಂಕೆ' ಎಂಬ ಕ್ರಿಯಾಪದ ಬಂದ ದಿನ ಸೀಮೆಸುಣ್ಣ ಕೆಳಗಿಟ್ಟು ಕೈ ಒರೆಸಿಕೊಂಡರು.

"ಎಲ್ಲರೂ ಬೀಳೋದು ಇಲ್ಲೇ," ಎಂದರು. "ಇಂಗ್ಲಿಷಿನಲ್ಲಿ ಐ ಮಿಸ್ ಯೂ, ನಾನು ನಿನ್ನನ್ನ. ಫ್ರೆಂಚಿನೋರು ಹಾಗನ್ನಲ್ಲ. ನನಗೆ ನೀನು ಕಡಿಮೆ ಅಂತಾರೆ. ಸಾರಿಗೆ ಉಪ್ಪು ಕಡಿಮೆ ಅನ್ನಲ್ವೇ ನಾವು, ಹಾಗೆ. ಇಂಗ್ಲಿಷ್ ಬಿಟ್ಟು ಕನ್ನಡದಲ್ಲಿ ಯೋಚನೆ ಮಾಡಿ. ತಪ್ಪೋದೇ ಇಲ್ಲ."

ಆಮೇಲೆ ಕೆಲವು ದಿನ ನಾವು ಹುಡುಗಿಯರು ಒಬ್ಬರನ್ನೊಬ್ಬರು ಸಾರು, ಉಪ್ಪು ಎಂದೇ ಕರೆದುಕೊಂಡೆವು. ಕ್ಲಾಸಿಗೆ ಯಾರಾದರೂ ಬರದಿದ್ದರೆ ಉಪ್ಪು ಕಡಿಮೆ ಎಂದು ನಗುತ್ತಿದ್ದೆವು. ಉಪ್ಪಿಗಿಂತ ರುಚಿಯಿಲ್ಲ ಎಂಬ ಗಾದೆಯ ಅರ್ಥ ತಿಳಿಯುವ ವಯಸ್ಸು ಅದಲ್ಲ.

ಮದುವೆಯಾಗಿ ನಾನು ಕುವೈತಿಗೆ ಬಂದೆ. ಗಂಡ ಮೀನಾ ಅಲ್ ಅಹ್ಮದಿಯ ರಿಫೈನರಿಯಲ್ಲಿ ಎಂಜಿನಿಯರ್. ಅವರು ಬೆಳಗಿನ ಜಾವಕ್ಕೇ ಕಂಪನಿ ಬಸ್ಸು ಹತ್ತಿ ಹೋದರೆ ಸಾಲ್ಮಿಯಾದ ಮನೆಯಲ್ಲಿ ನಾನೂ ಏಸಿಯ ಸದ್ದೂ ಇಬ್ಬರೇ. ಕೆಳಗಿನ ಬೀದಿಯಲ್ಲೊಂದು ವಿಡಿಯೋ ಅಂಗಡಿ ಇತ್ತು, ಲೆಬನಾನಿನವನದು. ಅಲ್ಲಿ ಅರಬ್ಬಿ ಸಬ್‌ಟೈಟಲ್ ಇರುವ ಫ್ರೆಂಚ್ ಸಿನಿಮಾಗಳು ಸಿಗುತ್ತಿದ್ದವು. ಒಂದು ದಿನ ಕವರೊಂದರ ಮೇಲೆ, ನಾಲ್ಕು ಮುಖಗಳ ಹಿಂದೆ ಐದನೆಯದಾಗಿ, ನನ್ನ ಸೂಪಿನವನ ಮುಖ ಕಂಡಿತು. ಅಂಗಡಿಯಲ್ಲೇ ಜೋರಾಗಿ ನಕ್ಕುಬಿಟ್ಟೆ. ಪರದೇಶದಲ್ಲಿ ಊರಿನವನೊಬ್ಬ ಸಿಕ್ಕಿದಷ್ಟು ಸಂತೋಷವಾಯಿತು.

ಹಾಗೆ ಅವನ ಏಳಿಗೆಯನ್ನು ನಾನು ಸಾಲ್ಮಿಯಾದಲ್ಲಿ ಕೂತು ನೋಡಿದೆ. ಮೊದಲು ನಾಯಕನ ಪೆದ್ದ ಗೆಳೆಯನಾದ. ಆಮೇಲೆ ಹಡಗಿನ ಅಡಿಗೆಯವನ ಪಾತ್ರವೊಂದು ಬಂತು, ಅದರಲ್ಲಿ ಅವನೇ ನಾಯಕ. ಅಂಗಡಿಯವನಿಗೆ ಹೇಳಿ ಅದನ್ನು ಬೈರೂತಿನಿಂದ ತರಿಸಿಕೊಂಡು ನೋಡಿದೆ. ಕಡೆಯಲ್ಲಿ ಅವನು ಖಾಲಿ ಅಡಿಗೆಮನೆಯಲ್ಲಿ ನಿಂತು ಒಂದು ಈರುಳ್ಳಿ ಹೆಚ್ಚುತ್ತಾನೆ, ಅಷ್ಟೇ. ನನ್ನ ಗಂಡ ಮಧ್ಯದಲ್ಲೇ ನಿದ್ದೆ ಹೋಗಿದ್ದವರು ಎದ್ದು, ಅಯ್ಯೋ, ಈರುಳ್ಳಿಗೆ ಇಷ್ಟು ಅಳುವುದೇ ಎಂದರು. ಅವತ್ತಿನಿಂದ ಅವರಿಗೆ ಅವನು 'ನಿಮ್ಮೋರು'. ನಿಮ್ಮೋರದ್ದು ಹೊಸ ಪಿಕ್ಚರ್ ಬಂದಿದೆಯಂತೆ, ನಿಮ್ಮೋರಿಗೆ ಕೂದಲು ಉದುರುತ್ತಿದೆಯಲ್ಲೇ, ಎಂದು ಟೀಕೆ. ಮೈಸೂರಿನಲ್ಲಿ ಗಂಡನನ್ನು ಕರೆಯುವ ಮಾತನ್ನು ಗಂಡನೇ ಇನ್ನೊಬ್ಬನಿಗೆ ಬಿಟ್ಟುಕೊಟ್ಟರೆ ನಾನೇಕೆ ಬೇಡವೆನ್ನಲಿ.

ಇತ್ತ ನಾನೂ ಸುಮ್ಮನೆ ಕೂತಿರಲಿಲ್ಲ. ನಮ್ಮ ಕನ್ನಡ ಸಂಘ ಪ್ರತಿವರ್ಷ ರಾಜ್ಯೋತ್ಸವಕ್ಕೆ ಒಂದು ನಾಟಕ ಆಡುತ್ತದೆ. ಶುವೈಖ್‌ನಲ್ಲಿ, ಗ್ಯಾರೇಜುಗಳ ಸಾಲಿನ ಹಿಂದೆ, ಕರಾವಳಿಯವರೊಬ್ಬರ ಟೈರು ಗೋದಾಮು ಇದೆ. ಶುಕ್ರವಾರ ಅದಕ್ಕೆ ರಜೆ, ನಮಗೆ ರಿಹರ್ಸಲ್. ಟೈರುಗಳನ್ನು ಪೇರಿಸಿ ಮನೆಯ ಗೋಡೆ ಮಾಡಿಕೊಳ್ಳುತ್ತಿದ್ದೆವು. ಬ್ಯಾಂಕಿನವರು, ಡಾಕ್ಟರು, ಎಂಜಿನಿಯರು, ಎಲ್ಲರ ಬಟ್ಟೆಯೂ ಮನೆಗೆ ಹೋಗುವಾಗ ರಬ್ಬರು ನಾರುತ್ತಿತ್ತು. ನಾನೇ ಬರೆದ ನಾಟಕವೊಂದನ್ನು ಅಲ್ಲಿ ಕಟ್ಟಿದೆವು. ಅಪ್ಪ ಅಮ್ಮ ಇಲ್ಲದ ಮನೆಯನ್ನು ಬಹುಕಾಲ ನಡೆಸಿದ ಅಕ್ಕ, ತಂಗಿಯ ಮದುವೆಯಾದ ಮೇಲೆ ಮನೆ ಬಿಟ್ಟು ಹೊರಡುತ್ತಾಳೆ. ಹೊಸಿಲ ಮೇಲೆ ನಿಂತು ತಂಗಿಯನ್ನು ಕೇಳುತ್ತಾಳೆ: ನಾನು ಹೋದ್ರೆ ಈ ಮನೆಗೆ ಏನ್ ಕಡಿಮೆ ಆಗುತ್ತೆ? ತಂಗಿ ಉತ್ತರ ಕೊಡುವುದಿಲ್ಲ. ಅಕ್ಕ ನಾನು. ಕುವೈತಿನ ರಂಗಸ್ಥಳದ ಮೇಲೂ ನಾನು ಎಡಗಾಲಿನ ಮೇಲೆ ಭಾರ ಹಾಕಿ, ಬಲಗಾಲಿನ ತುದಿಯಿಂದ ಹೊಸಿಲನ್ನು ಒತ್ತುತ್ತ ನಿಂತೆ. ಅಷ್ಟು ಸುಖ ನನಗೆ ಇನ್ನು ಯಾವುದರಲ್ಲೂ ಸಿಕ್ಕಿಲ್ಲ. ಇದನ್ನು ಹೇಳಿಕೊಳ್ಳಲು ಈಗ ನಾಚಿಕೆಯೂ ಇಲ್ಲ.

ತಂಗಿಯ ಪಾತ್ರ ಮಾಡಿದವಳು ಮಂಗಳೂರಿನ ಕಡೆಯ ಕ್ರಿಶ್ಚಿಯನ್ ಹುಡುಗಿ, ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸು. ಎಲ್ಲರಂತೆ ನಾನೂ ಅವಳನ್ನು ಸಿಸ್ಟರ್ ಎಂದೇ ಕರೆದೆ. ನಾಟಕದಲ್ಲೂ ತಂಗಿಯೇ ಆದ್ದರಿಂದ ಅದು ಹೆಸರಾಗಿ ನಿಂತುಬಿಟ್ಟಿತು. ಮನೆಮಾತು ಕೊಂಕಣಿ, ಕನ್ನಡವನ್ನು ಅವಳು ಶಾಲೆಯಲ್ಲಿ ಕಲಿತವಳು. ರುಮೈಥಿಯಾದಲ್ಲಿ ಒಂದು ಮನೆಯ ಹಿಂಭಾಗದಲ್ಲಿ ಬಾಡಿಗೆಗಿದ್ದಳು. ಡ್ಯೂಟಿ ಮುಗಿಸಿ ಯೂನಿಫಾರಂ ಬದಲಾಯಿಸದೆ ಕಾರು ಓಡಿಸಿಕೊಂಡು ಬರುತ್ತಿದ್ದಳು, ನನಗೆಂದು ಬೀದಿಯ ಬಕಾಲದ ಅಂಗಡಿಯಿಂದ ಒಂದು ಲಬಾನ್ ಹಿಡಿದುಕೊಂಡು. ಮಜ್ಜಿಗೆ ಕುಡಿದರೆ ಗಂಟಲು ತಣ್ಣಗಿರುತ್ತದೆ ಎಂದು ಅವಳ ವಾದ.

ಕಡೆಗೆ ನನ್ನ ಗಂಟಲೇ ಕೈಕೊಟ್ಟಿತು. ಕತ್ತಿನಲ್ಲಿ ಗಂಟೊಂದು ಬಂದು ಥೈರಾಯ್ಡ್ ತೆಗೆಯಬೇಕಾಯಿತು. ಆಪರೇಷನ್ ಚೆನ್ನಾಗಿಯೇ ಆಯಿತು, ಯಾರ ತಪ್ಪೂ ಇಲ್ಲ. ಎಚ್ಚರವಾದಾಗ ಮಾತ್ರ ನನ್ನ ದನಿ ಒಡೆದ ಹಂಡೆಯಂತಾಗಿತ್ತು. ಕಾಲ ಕಳೆದಂತೆ ಸ್ವಲ್ಪ ಕೂಡಿಕೊಂಡಿತು, ಆದರೆ ಏರಿಸಿದರೆ ಮಾತಿನ ಬಾಲ ಕತ್ತರಿಸಿ ಬೀಳುತ್ತದೆ. ಕಡೆಯ ಅಕ್ಷರ ಹೊರಗೆ ಬರುವುದಿಲ್ಲ. ಕಾಲರ್ ಮೈಕ್ ಇದೆಯಲ್ಲ ಎಂದು ಕೆಲವರು ಅಂದರು. ಇಲ್ಲದ ಅಕ್ಷರವನ್ನು ಮೈಕು ಎಲ್ಲಿಂದ ತಂದೀತು? ಆ ವರ್ಷ ಸಂಘದವರು ನನ್ನನ್ನು ವೇದಿಕೆಗೆ ಕರೆದು ಶಾಲು ಹೊದಿಸಿ, ಇನ್ನು ಮುಂದೆ ನಮ್ಮೆಲ್ಲ ನಾಟಕಗಳಿಗೆ ಇವರೇ ನಿರ್ದೇಶಕಿ ಎಂದು ಘೋಷಿಸಿದರು. ಚಪ್ಪಾಳೆ ಜೋರಾಗಿತ್ತು. ನಮ್ಮಲ್ಲಿ ಶಾಲು ಹೊದಿಸುವುದು ಕಳಿಸಿಕೊಡುವಾಗ ಎಂಬುದು ಗೊತ್ತಿಲ್ಲದವಳೇ ನಾನು? ಮನೆಗೆ ಬಂದು ಆ ಶಾಲನ್ನು ಟಿವಿಯ ಮೇಲೆ ಧೂಳು ಕೂರದಂತೆ ಹೊದಿಸಿದೆ.

ಅಕ್ಕನ ಪಾತ್ರ ಸಿಸ್ಟರ್‌ಗೆ ಹೋಯಿತು. ನಾನು ಗೋದಾಮಿನಲ್ಲಿ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕೂತೆ. ಹೊಸಿಲ ಮೇಲೆ ಹೇಗೆ ನಿಲ್ಲಬೇಕೆಂದು ಅವಳಿಗೆ ತೋರಿಸಿಕೊಟ್ಟೆ. ಎರಡೇ ವಾರದಲ್ಲಿ ಅವಳ ಬಲಗಾಲಿನ ತುದಿ ನನ್ನ ಬಲಗಾಲಿನ ತುದಿಯೇ ಆಯಿತು. ನನಗೆ ಹೊಟ್ಟೆ ಉರಿಯಿತು, ಹೆಮ್ಮೆಯೂ ಆಯಿತು. ಬಗ್ಗದಿದ್ದದ್ದು ಅವಳ ನಾಲಿಗೆ. ಮೈಸೂರಿನ ಅಗ್ರಹಾರದ ಅಕ್ಕ ಹೊಸಿಲ ಮೇಲೆ ನಿಂತು, "ನಾನು ಹೋದ್ರೆ ಈ ಮನೆಗೆ ಎಂತ ಕಡಿಮೆ ಆಗ್ತದೆ?" ಎಂದು ಕೇಳುತ್ತಿದ್ದಳು.

ಎಂತ ಅಲ್ಲ, ಏನು. ಆಗ್ತದೆ ಅಲ್ಲ, ಆಗುತ್ತೆ. ಎಷ್ಟು ಶುಕ್ರವಾರ ಹೇಳಿದ್ದೇನೋ. ಗೋದಾಮಿನಲ್ಲಿ ಸರಿಯಾಗಿ ಹೇಳಿದವಳು ವೇದಿಕೆಯಲ್ಲಿ ಮತ್ತೆ ಎಂತ ಎಂದಳು. ಮುಂದಿನ ಸಾಲಿನಲ್ಲಿದ್ದ ನಮ್ಮ ಕಡೆಯ ಹಿರಿಯರೊಬ್ಬರು, ಅಗ್ರಹಾರಕ್ಕೆ ಮಂಗಳೂರು ಎಲ್ಲಿಂದ ಬಂತಮ್ಮ ಎಂದು ಕೇಳಿ ನನ್ನ ಮಾನ ಕಳೆದರು. ಅವಳನ್ನು ಕೇಳಿದರೆ, ಅಳು ಬರುವಾಗ ಶಾಲೆಯಲ್ಲಿ ಕಲಿತದ್ದೇ ಬಾಯಿಗೆ ಬರುತ್ತದೆ, ನಾನೇನು ಮಾಡಲಿ ಎನ್ನುತ್ತಿದ್ದಳು. ನನಗೆ ಸಿಟ್ಟು ಬಂದು ಒಂದು ವಾರ ಮಾತು ಬಿಟ್ಟೆ. ಅವಳು ಆ ವಾರವೂ ಲಬಾನ್ ತಂದಿಟ್ಟು ಹೋದಳು.

ನನ್ನ ಸೂಪಿನವನೂ ಆಗಲೇ ನಟನೆ ಬಿಟ್ಟ. ಅಂತರ್ಜಾಲದಲ್ಲಿ ಫ್ರೆಂಚ್ ಪತ್ರಿಕೆಯೊಂದನ್ನು ನಿಘಂಟು ಇಟ್ಟುಕೊಂಡು ಓದಿ ತಿಳಿದೆ. ಅಪ್ಪನ ಪಾತ್ರ, ಮಾವನ ಪಾತ್ರ, ಕಡೆಗೆ ಹೆಣವಾಗಿ ಮಲಗುವ ಪಾತ್ರದವರೆಗೆ ಇಳಿದಿದ್ದ ಅವನು, ತಾನೇ ಒಂದು ಸಿನಿಮಾ ನಿರ್ದೇಶಿಸಿದ್ದ. ಮುಚ್ಚಿಹೋಗಲಿರುವ ರೈಲ್ವೆ ಸ್ಟೇಷನ್ನಿನಲ್ಲಿ ಟಿಕೆಟ್ ಕೊಡುವ ಹೆಂಗಸಿನ ಕಥೆ. ನಟನಾಗಿದ್ದಾಗಲೇ ಚೆನ್ನಾಗಿದ್ದ ಎಂದು ವಿಮರ್ಶಕರು ಬರೆದರು. ಎರಡನೆಯದು ಮಲಗಿತು. ಮೂರನೆಯದು ಎಲ್ಲೆಲ್ಲೋ ಉತ್ಸವಗಳಿಗೆ ಹೋಯಿತು. ಅವನು ಬೇಕೆಂದೇ ಬಿಟ್ಟನೋ, ಅವನನ್ನು ಬಿಟ್ಟರೋ ಎಂಬುದು ಮಾತ್ರ ಯಾವ ಪತ್ರಿಕೆಯಲ್ಲೂ ಇರಲಿಲ್ಲ. ನನಗೆ ಬೇಕಾಗಿದ್ದದ್ದು ಅದೊಂದೇ.

ಅವನ ಸಿನಿಮಾಗಳಲ್ಲಿ ನಾನು ಅವನನ್ನು ಹುಡುಕುತ್ತಿದ್ದೆ. ಮೊದಲನೆಯದರಲ್ಲಿ ಪ್ಲಾಟ್‌ಫಾರಂನ ಕೊನೆಯಲ್ಲಿ ಬೆನ್ನು ಹಾಕಿ ನಿಂತಿದ್ದ. ಎರಡನೆಯದರಲ್ಲಿ ಬಾಗಿಲು ಎಳೆದುಕೊಳ್ಳುವ ಒಂದು ಕೈ. ಆ ಬೆರಳುಗಳು ನನಗೆ ಈರುಳ್ಳಿ ಹೆಚ್ಚಿದಾಗಿನಿಂದ ಗೊತ್ತು. ಮೂರನೆಯದರಲ್ಲಿ ಪಕ್ಕದ ಕೋಣೆಯ ಕೆಮ್ಮು. ಆಮೇಲಿನದರಲ್ಲಿ ಎಷ್ಟು ಹುಡುಕಿದರೂ ಸಿಗಲಿಲ್ಲ. ಬೆನ್ನು, ಕೈ, ಕೆಮ್ಮು, ಆಮೇಲೆ ಏನೂ ಇಲ್ಲ. ಅವನು ಹೀಗೆ ಸ್ವಲ್ಪಸ್ವಲ್ಪವಾಗಿ ಮರೆಯಾಗುವುದನ್ನು ನೋಡಿ ನನಗೆ ದುಃಖವಾಯಿತು. ಅದು ಅವನಿಗಾಗಿಯೇ ಬಂದ ದುಃಖ ಅಂತೇನೂ ಹೇಳಲಾರೆ.

ಕಳೆದ ವರ್ಷ ನನ್ನ ಗಂಡನಿಗೆ ಅರವತ್ತಾಯಿತು. ಇಲ್ಲಿ ಕೆಲಸ ಮುಗಿದರೆ ಇಕಾಮಾ, ಅಂದರೆ ವಾಸದ ಪರವಾನಗಿ, ಮುಗಿಯಿತು; ಇಕಾಮಾ ಮುಗಿದರೆ ಖಲಾಸ್, ಹೊರಡಬೇಕು. ಡಿಸೆಂಬರಿನಲ್ಲಿ ಹೊರಡುವುದೆಂದಾಯಿತು. ನವೆಂಬರಿನ ನಾಟಕ ನನಗೆ ಕೊನೆಯದು ಎಂದು ಸಂಘದವರು ಅದೇ ಅಕ್ಕ ತಂಗಿಯ ನಾಟಕವನ್ನು ಆರಿಸಿದರು. ಅಕ್ಕ ಎಂದಿನಂತೆ ಸಿಸ್ಟರ್. ತಂಗಿ ಇಲ್ಲೇ ಹುಟ್ಟಿ ಬೆಳೆದ ಒಬ್ಬ ಹುಡುಗಿ, ಮಾತುಗಳನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆದುಕೊಂಡು ಬಾಯಿಪಾಠ ಮಾಡುವವಳು. ಸೆಪ್ಟೆಂಬರಿನಲ್ಲಿ ರಿಹರ್ಸಲ್ ಶುರುವಾಗುವ ಹೊತ್ತಿಗೆ ಸಿಸ್ಟರ್‌ಗೆ ಐರ್ಲೆಂಡಿನ ಆಸ್ಪತ್ರೆಯಿಂದ ಕರೆ ಬಂತು. ವೀಸಾ ಬೇಗ ಆಯಿತು. ಅಕ್ಟೋಬರಿನಲ್ಲಿ ಸೇರಬೇಕು.

ಅವಳು ಗೋದಾಮಿಗೆ ಬಂದು ವಿಷಯ ಹೇಳಿದಾಗ ಎಲ್ಲರೂ ನನ್ನ ಮುಖ ನೋಡಿದರು. ಮಾತುಗಳೆಲ್ಲ ಬರುವ ಇನ್ನೊಬ್ಬಳು ನಾನೇ ಎಂಬುದು ಟೈರುಗಳಿಗೂ ಗೊತ್ತಿತ್ತು. ನೀವೇ ಮಾಡಿ ಅಕ್ಕ ಎಂದು ಸಿಸ್ಟರ್ ಮೊದಲು ಅಂದಳು. ನಾನು ಆಗುವುದಿಲ್ಲ ಎಂದೆ. ಹೊಸಬರಿಗೆ ಕಲಿಸೋಣ ಎಂದೆ. ವಯಸ್ಸು, ಗಂಟಲು, ಪ್ಯಾಕಿಂಗು, ನೆಲ ಡೊಂಕು, ಎಲ್ಲ ಕಾರಣಗಳನ್ನೂ ಕೊಟ್ಟೆ. ನಿಜವಾದ ಕಾರಣ ಭಯ. ಆಸೆಯೋ, ಎದೆ ಒಡೆಯುವಷ್ಟಿತ್ತು. ಕುವೈತ್ ಬಿಡುವ ಮೊದಲು ಒಂದೇ ಒಂದು ಸಲ ಆ ಹೊಸಿಲ ಮೇಲೆ ನಿಲ್ಲಬೇಕು ಎಂದು ನನಗೆ ಎಷ್ಟು ಬೇಕಾಗಿತ್ತೆಂದರೆ, ನಿಂತು ದನಿ ಹೊರಡದಿದ್ದರೆ ಏನು ಗತಿ ಎಂದು ಯೋಚಿಸಿ ಇನ್ನೊಂದು ಕಾರಣ ಹುಡುಕುತ್ತಿದ್ದೆ.

ಹೀಗೆ ನಿರ್ಧಾರವಾಗದೆ ತೂಗುತ್ತಿದ್ದಾಗಲೇ ಒಂದು ಸಂಜೆ ಗಂಡ ಫೋನಿನಿಂದ ತಲೆ ಎತ್ತಿ, "ನಿಮ್ಮೋರು ಬರ್ತಿದಾರಂತೆ ಕಣೇ, ಕುವೈತಿಗೆ," ಎಂದರು.

ತಮಾಷೆ ಎಂದುಕೊಂಡೆ. ಅಲ್ಲ. ಇಲ್ಲಿನ ಸಭಾಂಗಣವೊಂದರಲ್ಲಿ ಫ್ರೆಂಚ್ ಸಿನಿಮಾ ತೋರಿಸುತ್ತಿದ್ದರು. ಅವನು ತನ್ನ ಹೊಸ ಸಿನಿಮಾದೊಂದಿಗೆ ಬಂದು ಪ್ರಶ್ನೆಗಳಿಗೆ ಉತ್ತರ ಕೊಡುವವನಿದ್ದ. ಗಂಡನಿಗೆ ಆ ದಿನ ಶಿಫ್ಟು. ಸಿಸ್ಟರ್ ಕಾರು ತಂದಳು. ದಾರಿಯುದ್ದಕ್ಕೂ ನಾನು ಫ್ರೆಂಚಿನಲ್ಲಿ ಪ್ರಶ್ನೆ ಕಟ್ಟುತ್ತಿದ್ದೆ. ನಿಮಗೆ ನಟನೆ ಬೇಕೆನಿಸುವುದಿಲ್ಲವೇ, ಅದಿಲ್ಲದೆ ಹೇಗಿದ್ದೀರಿ? ಇಷ್ಟೇ ಕೇಳಬೇಕಾಗಿದ್ದದ್ದು. ರೇಷ್ಮೆ ಸೀರೆ ಉಟ್ಟಿದ್ದೆ. ಸಿಸ್ಟರ್ ಓರೆಗಣ್ಣಲ್ಲಿ ನೋಡಿ, ಹುಡುಗನ ಕಡೆಯವರು ಯಾವಾಗ ಬರುತ್ತಾರೆ ಎಂದು ಕೇಳಿದಳು.

ಸಿನಿಮಾ ಶುರುವಾಯಿತು. ಒಬ್ಬ ಮುದುಕಿ ತನ್ನ ಹಳೆಯ ಹೋಟೆಲನ್ನು ಮಾರುವ ಕಥೆ. ಅವನು ಎಲ್ಲಾದರೂ ಸಿಗುತ್ತಾನೇನೋ ಎಂದು ನಾನು ಪ್ರತಿ ಬೆನ್ನನ್ನೂ ಪ್ರತಿ ಕೈಯನ್ನೂ ನೋಡಿದೆ. ಇಲ್ಲ. ಕಡೆಗೆ, ಕೊಳ್ಳುವವರು ಮೇಜಿನ ಸುತ್ತ ಕೂತು ಮಾತಾಡುತ್ತಿರುವಾಗ ಆ ಮುದುಕಿ ಕಾಫಿಯ ತಟ್ಟೆ ಹಿಡಿದು ಪಕ್ಕಕ್ಕೆ ಬಂದು ನಿಂತಳು. ಮೈಭಾರ ಎಡಗಾಲಿನ ಮೇಲೆ. ಬಲಗಾಲಿನ ತುದಿ ನೆಲವನ್ನು ಒತ್ತುತ್ತಿತ್ತು. ಸಿಸ್ಟರ್ ನನ್ನ ಮಣಿಕಟ್ಟು ಹಿಡಿದುಕೊಂಡಳು. ಅವಳು ಆ ಹಳೆಯ ಸಿನಿಮಾ ನೋಡಿದವಳಲ್ಲ. ಅವಳಿಗೆ ಅದು ಶುವೈಖ್‌ನ ಗೋದಾಮಿನಲ್ಲಿ ನಾನು ಕಲಿಸಿದ ನಿಲುವು.

ದೀಪ ಹತ್ತಿದಾಗ ಅವನು ವೇದಿಕೆಗೆ ಬಂದ. ತಲೆ ಪೂರ್ತಿ ಬೋಳಾಗಿತ್ತು. ಕನ್ನಡಕವನ್ನು ಹಣೆಗೇರಿಸಿಕೊಂಡು, ಇಂಗ್ಲಿಷಿಗೆ ಅನುವಾದಿಸುವ ಹುಡುಗಿಯೊಬ್ಬಳನ್ನು ಪಕ್ಕದಲ್ಲಿ ಕೂರಿಸಿಕೊಂಡ. ಎರಡು ಮೂರು ಪ್ರಶ್ನೆಗಳಾದವು. ನಾನು ಕೈ ಎತ್ತಿದೆ, ಮೈಕು ಬಂತು, ಎದ್ದು ನಿಂತೆ. ಕಟ್ಟಿಕೊಂಡಿದ್ದ ವಾಕ್ಯವೆಲ್ಲ ಚದುರಿಹೋಯಿತು.

ಇಲ್ಲಿ ನಾವೆಲ್ಲ 'ಮಿಸ್ ಮಾಡ್ಕೋತೀವಿ' ಎನ್ನುವವರು. ಊರನ್ನು ಮಿಸ್ ಮಾಡ್ಕೋತೀವಿ, ಮಾವಿನಹಣ್ಣನ್ನು ಮಿಸ್ ಮಾಡ್ಕೋತೀವಿ, ಸತ್ತ ಅಮ್ಮನನ್ನೂ. ಇಷ್ಟು ವರ್ಷ ಹಾಗೆ ಅಂದು ಅಂದು ನನ್ನ ತಲೆಯಲ್ಲಿ ಕನ್ನಡದ ದಾರಿ ಮುಚ್ಚಿಹೋಗಿತ್ತು. ನೀವು ನಟನೆಯನ್ನು ಮಿಸ್ ಮಾಡ್ಕೋತೀರಾ ಎಂದು ಮನಸ್ಸಿನಲ್ಲಿ ಅಂದುಕೊಂಡು, ಅದೇ ಸಾಲಿನಲ್ಲಿ ಫ್ರೆಂಚ್ ಪದಗಳನ್ನು ಜೋಡಿಸಿದೆ. ಸಭೆಯಲ್ಲಿದ್ದ ಫ್ರೆಂಚ್ ಬಲ್ಲವರು ಮೆಲ್ಲಗೆ ನಕ್ಕರು. ಆಗ ಗೊತ್ತಾಯಿತು. ಮೇಷ್ಟ್ರು ಎಚ್ಚರಿಸಿದ್ದ ಅದೇ ಹಳ್ಳಕ್ಕೆ ಬಿದ್ದಿದ್ದೆ. ನಾನು ಕೇಳಿದ್ದು, ನಟನೆಗೆ ನೀವು ಕಡಿಮೆಯಾಗಿದ್ದೀರಾ ಎಂದು. ಉಪ್ಪಿಗೆ ಸಾರು ಕಡಿಮೆಯೇ ಎಂದು.

ಅನುವಾದದ ಹುಡುಗಿ ಒಳ್ಳೆಯವಳು, ನನ್ನ ಪ್ರಶ್ನೆಯನ್ನು ಸರಿಮಾಡಿ ಹೇಳಲು ಬಾಯಿ ತೆರೆದಳು. ಅವನು ಕೈ ಅಡ್ಡ ಹಿಡಿದು ತಡೆದ. ಕನ್ನಡಕವನ್ನು ಕೆಳಗಿಳಿಸಿ ನನ್ನನ್ನು ನೋಡಿದ. ನಿಮಗೆ ನಟನೆ ಬೇಕೆನಿಸುವುದಿಲ್ಲವೇ ಎಂದು ಎಲ್ಲ ಊರಿನಲ್ಲೂ ಕೇಳುತ್ತಾರೆ, ಅದಕ್ಕೆ ನನ್ನ ಹತ್ತಿರ ಸಿದ್ಧ ಉತ್ತರವಿದೆ, ಇದಕ್ಕೆ ಇಲ್ಲ ಎಂದ. ಆಮೇಲೆ ನಿಧಾನವಾಗಿ, ನನಗೆ ಅರ್ಥವಾಗಲಿ ಎಂದು ಸಣ್ಣ ಸಣ್ಣ ವಾಕ್ಯಗಳಲ್ಲಿ ಹೇಳಿದ. ನಟನೆ ಬಿಟ್ಟ ಎಷ್ಟೋ ಕಾಲದ ಮೇಲೆ, ತಾನು ಹುಡುಗನಾಗಿದ್ದಾಗ ಆಡಿದ್ದ ಚಿಕ್ಕ ನಾಟಕಶಾಲೆಗೆ ಹೋಗಿದ್ದನಂತೆ. ಬಾಗಿಲಲ್ಲಿ ಯಾರಿಗೂ ಗುರುತು ಸಿಗಲಿಲ್ಲ. ಟಿಕೆಟ್ ಕೊಂಡು ಕೂತ. ತಾನು ಆಡಿದ್ದ ನಾಟಕವೇ ನಡೆಯುತ್ತಿತ್ತು, ತನ್ನ ಜಾಗದಲ್ಲಿ ಬೇರೊಬ್ಬ ನಿಂತಿದ್ದ.

"ಏನೂ ಕಡಿಮೆ ಇರಲಿಲ್ಲ, ಮದಾಮ್," ಎಂದ. "ಅದನ್ನು ನೋಡಿ ಮನೆಗೆ ಹೋಗಿ ಅತ್ತೆ."

ನಾನು ಇನ್ನೂ ನಿಂತೇ ಇದ್ದೆ, ಕೂರಬೇಕೆಂದು ಹೊಳೆಯಲಿಲ್ಲ. ಅವನು, ನೀವು ಆಡುತ್ತೀರಾ ಎಂದು ಕೇಳಿದ. ಫ್ರೆಂಚಿನಲ್ಲೂ ನಾಟಕವನ್ನು ಆಡುವುದೇ, ನಮ್ಮ ಹಾಗೆ. ಆಡುತ್ತಿದ್ದೆ ಎಂದು ಹೇಳಲು ಹೊರಟೆ. ಆ ಭಾಷೆಯಲ್ಲಿ 'ಆಡುತ್ತೇನೆ' ಎಂಬುದಕ್ಕೂ 'ಆಡುತ್ತಿದ್ದೆ' ಎಂಬುದಕ್ಕೂ ಇರುವ ವ್ಯತ್ಯಾಸ ಕೊನೆಯಲ್ಲೊಂದು ಸ್ವರ. ನನ್ನ ಹಾಳು ದನಿ ಅಲ್ಲೇ ಕಡಿದು ಬಿತ್ತು. ಕೊನೆಯ ಸ್ವರ ಬರಲಿಲ್ಲ. ಇಡೀ ಸಭೆಗೆ ಕೇಳಿಸಿದ್ದು ಆಡುತ್ತೇನೆ ಎಂದು. ಅವನು ಒಳ್ಳೆಯದು ಎಂಬಂತೆ ತಲೆ ಆಡಿಸಿ ಮುಂದಿನ ಕೈಯ ಕಡೆಗೆ ತಿರುಗಿದ.

ಅವನ ಬೂಟಿನ ತುದಿ ಶುವೈಖ್‌ನ ಗೋದಾಮಿನಲ್ಲಿ ಇಷ್ಟು ವರ್ಷ ಇತ್ತು ಎಂದು ಅವನಿಗೆ ಹೇಳಲಾಗಲಿಲ್ಲ. ಹೇಳಬೇಕಿತ್ತು ಎಂದು ಈಗಲೂ ಅನ್ನಿಸುತ್ತದೆ.

ಹಿಂದಿರುಗುವಾಗ ಸಮುದ್ರದ ಪಕ್ಕದ ರಸ್ತೆಯಲ್ಲಿ ಟ್ರಾಫಿಕ್ಕು ನಿಂತಿತ್ತು. ಕೊನೆಗೆ ಎಂತ ಕೇಳಿದ, ಎಂತ ಹೇಳಿದಿರಿ ಎಂದು ಸಿಸ್ಟರ್ ಬೆನ್ನುಬಿದ್ದಳು. ನಡೆದದ್ದನ್ನು ಹೇಳಿದೆ, ಸಾರು ಉಪ್ಪಿನಿಂದ ಹಿಡಿದು. ನಗುತ್ತಾಳೆಂದುಕೊಂಡೆ. ಅವಳು ಸ್ಟೀರಿಂಗ್ ಮೇಲೆ ಎರಡೂ ಕೈ ಇಟ್ಟುಕೊಂಡು ಮುಂದಿನ ಕಾರಿನ ದೀಪವನ್ನೇ ನೋಡುತ್ತಿದ್ದಳು.

"ಹಾಗಾದ್ರೆ ಹೇಳಿ ಆಯ್ತಲ್ಲ ಮಾರಾಯ್ರೆ," ಎಂದಳು. "ಆಡ್ತೇನೆ ಅಂತ ಅಷ್ಟು ಜನರ ಎದುರು. ಇನ್ನು ಆಡದಿದ್ರೆ ಅದು ಸುಳ್ಳಾಗ್ತದೆ."

ಆಗುತ್ತೆ, ಎಂದು ನಾನು ತಿದ್ದಿದೆ. ಅಭ್ಯಾಸಬಲ.

ಅವಳು ಹೋಗುವವರೆಗೆ ಉಳಿದ ಶುಕ್ರವಾರಗಳಲ್ಲಿ ನಾನು ಹೊಸಿಲ ಮೇಲೆ ನಿಂತೆ, ಅವಳು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತಳು. ನಿರ್ದೇಶಕಿಯಾಗಿ ಅವಳು ನನಗಿಂತ ಕೆಟ್ಟವಳು. ದನಿ ಏರಿಸಲೇಬೇಡಿ, ಕಡೆಯ ಅಕ್ಷರಕ್ಕೆ ಉಸಿರು ಉಳಿಸಿಕೊಳ್ಳಿ, ಆಸ್ಪತ್ರೆಯಲ್ಲಿ ರೋಗಿಯ ಕಿವಿಯ ಹತ್ತಿರ ಮಾತಾಡುವ ಹಾಗೆ ಹೇಳಿ, ಉಳಿದದ್ದನ್ನು ಮೈಕು ನೋಡಿಕೊಳ್ಳುತ್ತದೆ ಎಂದು ಒಂದೇ ಮಾತನ್ನು ನೂರು ಸಲ ಹೇಳಿಸಿದಳು. ಹೊಸಿಲ ಮೇಲಿನ ಆ ಸಾಲನ್ನು ನಾನು ಅಪ್ಪಟ ಮೈಸೂರು ಕನ್ನಡದಲ್ಲಿ ಹೇಳುತ್ತಿದ್ದೆ. ಹೇಳಿದಾಗಲೆಲ್ಲ ಅವಳನ್ನು ಗೆದ್ದವಳಂತೆ ನೋಡುತ್ತಿದ್ದೆ. ಅವಳು ಲಬಾನ್ ಬಾಟಲಿಯ ಮುಚ್ಚಳ ತೆಗೆದು ಕೊಡುತ್ತಿದ್ದಳು.

ವಿಮಾನ ನಿಲ್ದಾಣದಲ್ಲಿ ಅವಳಿಗೆ ಏನಾದರೂ ಹೇಳಬೇಕಿತ್ತು. ಮಿಸ್ ಮಾಡ್ಕೋತೀನಿ ಎಂದೆ. ಅದಕ್ಕಿಂತ ಒಳ್ಳೆಯ ಮಾತು ಬಾಯಿಗೆ ಬರಲಿಲ್ಲ. ಆಯ್ತು ಅಕ್ಕ, ಗಂಟಲು ನೋಡಿಕೊಳ್ಳಿ ಎಂದು ಅವಳು ಟ್ರಾಲಿ ತಳ್ಳಿಕೊಂಡು ಒಳಗೆ ಹೋದಳು.

ನಾಟಕದ ದಿನ ಶಾಲೆಯೊಂದರ ಸಭಾಂಗಣ ತುಂಬಿತ್ತು. ಹಿಂದಿನ ಸಾಲುಗಳಲ್ಲಿ ಮಕ್ಕಳು ಓಡಾಡುತ್ತಿದ್ದರು, ಬಾಗಿಲ ಹತ್ತಿರ ಯಾರೋ ಬಿರಿಯಾನಿ ಡಬ್ಬಿಗಳನ್ನು ಇಳಿಸುತ್ತಿದ್ದರು. ಮುಂದಿನ ಸಾಲಿನಲ್ಲಿ ನನ್ನ ಗಂಡ, ಪಕ್ಕದಲ್ಲಿ ಅಗ್ರಹಾರದ ಆ ಹಿರಿಯರು. ಮೊದಲ ಎರಡು ದೃಶ್ಯಗಳಲ್ಲಿ ನನ್ನ ದನಿ ಅಲ್ಲಲ್ಲಿ ಕಡಿಯಿತು, ಆದರೆ ಪೂರ್ತಿ ಬೀಳಲಿಲ್ಲ. ಸಿಸ್ಟರ್ ಹೇಳಿಕೊಟ್ಟಂತೆ ಕಡೆಯ ಅಕ್ಷರಕ್ಕೆ ಉಸಿರು ಉಳಿಸಿಕೊಂಡೆ. ಚೆನ್ನಾಗಿ ಮಾಡಿದೆ ಎಂದು ಹೇಳಲಾರೆ. ಇಪ್ಪತ್ತರ ವಯಸ್ಸಿನಲ್ಲಿ ಇದಕ್ಕಿಂತ ಚೆನ್ನಾಗಿ ಮಾಡುತ್ತಿದ್ದೆ. ಆದರೂ ವೇದಿಕೆಯ ದೀಪದ ಬಿಸಿ ಮುಖಕ್ಕೆ ತಾಗಿದಾಗ, ಅಯ್ಯೋ, ಇಷ್ಟು ವರ್ಷ ಇದಿಲ್ಲದೆ ಹೇಗಿದ್ದೆ ಎಂದು ಅನ್ನಿಸಿತು.

ಕೊನೆಯ ದೃಶ್ಯ ಬಂತು. ಚೀಲ ಹಿಡಿದು ಹೊಸಿಲ ಮೇಲೆ ಬಂದು ನಿಂತೆ. ಭಾರ ಎಡಗಾಲಿಗೆ ಹೋಯಿತು, ಬಲಗಾಲಿನ ತುದಿ ತಾನಾಗಿ ಮರವನ್ನು ಒತ್ತಿತು. ತಂಗಿಯ ಕಡೆ ತಿರುಗಿದೆ. ಆ ಹುಡುಗಿ ನಿಂತಿದ್ದದ್ದು ಮೊದಲ ವರ್ಷ ಸಿಸ್ಟರ್ ನಿಲ್ಲುತ್ತಿದ್ದ ಜಾಗದಲ್ಲಿ. ಅಳು ಬಂತು, ನಾಟಕಕ್ಕೆ ಬೇಕಾದ್ದಕ್ಕಿಂತ ಹೆಚ್ಚು. ದನಿ ಏರಿಸಲಿಲ್ಲ. ಉಸಿರು ಉಳಿಸಿಕೊಂಡು, ಕಿವಿಯ ಹತ್ತಿರ ಹೇಳುವಷ್ಟೇ ಮೆಲ್ಲಗೆ ಕೇಳಿದೆ.

"ನಾನು ಹೋದ್ರೆ ಈ ಮನೆಗೆ ಎಂತ ಕಡಿಮೆ ಆಗ್ತದೆ?"

ಒಂದಕ್ಷರ ಕಡಿಯದೆ ಹೊರಗೆ ಬಂತು. ಕರಾವಳಿಯವರು ಕೂತಿದ್ದ ಕಡೆಯಿಂದ ಯಾರೋ ಒಬ್ಬರು ನಕ್ಕು ತಕ್ಷಣ ಸುಮ್ಮನಾದರು. ಹಿರಿಯರು ತಲೆ ಎತ್ತಿದರು. ನನ್ನ ಗಂಡ ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು.

ತಂಗಿ ಉತ್ತರ ಕೊಡುವುದಿಲ್ಲ, ನಾನೇ ಬರೆದದ್ದು. ಮುಂದಿನ ಮಾತು ನನ್ನದೇ ಆಗಿತ್ತು. ಆದರೆ ನಾನು ಆ ಹೊಸಿಲ ಮೇಲೆ ನಿಂತೇ ಇದ್ದೆ, ಈಗಷ್ಟೇ ನನ್ನ ಬಾಯಿಂದ ಬಂದ ಸಿಸ್ಟರ್ ದನಿ ಇನ್ನೊಂದು ಸಲ ಬರುತ್ತದೇನೋ ಎಂದು ಕಾಯುತ್ತ.